ಕೈರೋದಲ್ಲಿ ಆಸಿಯಾ ದಾಗರ್ ಜಾಡು ಹಿಡಿದು

ಕೈರೋ ಕೋಟೆಯಿಂದ ಇಳಿದು ಸೈಯಿದಾ ನಫೀಸಾ ಮಸೀದಿಯ ಕಡೆಗೆ ನಡೆದರೆ ಖಲೀಫಾ ಬೀದಿ ಸಿಗುತ್ತದೆ. ಇಕ್ಕಟ್ಟಾದ ಬೀದಿ. ತಲೆ ಮೇಲೆ ರೊಟ್ಟಿ ತುಂಬಿದ ಮರದ ಹಲಗೆ ಹೊತ್ತು, ಒಂದೇ ಕೈಯಲ್ಲಿ ಸೈಕಲ್ ಓಡಿಸುವ ಹುಡುಗರಿಗೆ ದಾರಿ ಬಿಡುತ್ತಾ ನಾನೂ ತಂಗಿಯೂ ಒಂದು ಗೋರಿ ಹುಡುಕುತ್ತಿದ್ದೆವು. ಅದು 1250ರಲ್ಲಿ ಈಜಿಪ್ಟನ್ನು ಆಳಿದ ಶಜರ್ ಅಲ್-ದುರ್ ರಾಣಿಯ ಗೋರಿ. ಆದರೆ ನಮ್ಮನ್ನು ಅಲ್ಲಿಗೆ ಎಳೆದವರು ಆಸಿಯಾ ದಾಗರ್. 1935ರ ಚಿತ್ರವೊಂದರಲ್ಲಿ ಆ ರಾಣಿಯ ಪಾತ್ರ ಮಾಡಿದ ನಟಿ.

ಆಸಿಯಾ ಲೆಬನಾನಿನ ತನ್ನೂರಿನ್ ಅನ್ನೋ ಬೆಟ್ಟದೂರಿನವರು. 1920ರ ದಶಕದ ಮೊದಲಲ್ಲಿ ಸೋದರಿ ಮತ್ತು ಆಕೆಯ ಪುಟ್ಟ ಮಗಳು ಮೇರಿ ಜೊತೆ ಈಜಿಪ್ಟಿಗೆ ಬಂದರು. 1927ರಲ್ಲಿ ನಟಿ ಅಜೀಜಾ ಅಮೀರ್ ತಾವೇ ಹಣ ಹಾಕಿ ‘ಲೈಲಾ’ ಅನ್ನೋ ಮೂಕಿ ಚಿತ್ರ ತೆಗೆದಾಗ ಆಸಿಯಾಗೆ ಅದರಲ್ಲಿ ಚಿಕ್ಕ ಪಾತ್ರ ಸಿಕ್ಕಿತು. ಎರಡೇ ವರ್ಷದಲ್ಲಿ ಅವರದೇ ಲೋಟಸ್ ಫಿಲ್ಮ್ ಕಂಪನಿಯ ಚಿತ್ರ ಬಂತು. ನಾಯಕಿಯೂ ಅವರೇ, ನಿರ್ಮಾಪಕಿಯೂ ಅವರೇ. ಆ ಕಾಲದಲ್ಲಿ ಬಹೀಗಾ ಹಾಫೆಜ್, ಫಾತ್ಮಾ ರುಶ್ದಿ ಕೂಡ ಇದೇ ಸಾಹಸಕ್ಕೆ ಇಳಿದಿದ್ದರು. ದೊಡ್ಡ ಸ್ಟುಡಿಯೋಗಳು ಇನ್ನೂ ಎದ್ದಿರಲಿಲ್ಲ. ಧೈರ್ಯ ಇದ್ದವರಿಗೆ ಜಾಗ ಇತ್ತು.

ಗೋರಿಗೆ ಬೀಗ ಹಾಕಿತ್ತು. ಪಕ್ಕದ ಚಹಾ ಅಂಗಡಿಯವರು ಯಾರಿಗೋ ಫೋನ್ ಮಾಡಿದರು. ಸ್ವಲ್ಪ ಹೊತ್ತಿಗೆ ಬೀಗದಕೈ ಹಿಡಿದು ಒಬ್ಬರು ಅಜ್ಜ ಬಂದರು.

“ಅಕ್ಕಾ, ಇಷ್ಟೇನಾ?” ಅಂದಳು ತಂಗಿ. ನಿಜ, ಗುಮ್ಮಟದ ಕೆಳಗೆ ಒಂದೇ ಕೋಣೆ. ಅಜ್ಜ ಮಾತಾಡದೆ ಮೊಬೈಲ್ ಟಾರ್ಚ್ ಹಚ್ಚಿ, ಪ್ರಾರ್ಥನೆಯ ದಿಕ್ಕು ತೋರಿಸುವ ಗೂಡಿನ ಮೇಲ್ಭಾಗಕ್ಕೆ ಬೆಳಕು ಬಿಟ್ಟರು. ಬಂಗಾರದ ಬಣ್ಣದ ಗಾಜಿನ ಚೂರುಗಳ ನಡುವೆ ಒಂದು ಗಿಡ. ಬಳುಕುವ ಕೊಂಬೆಗಳು. ಅವುಗಳಲ್ಲಿ ಹಣ್ಣುಗಳ ಜಾಗದಲ್ಲಿ ಮುತ್ತಿನ ಚಿಪ್ಪಿನ ತುಣುಕುಗಳು. ಟಾರ್ಚ್ ಅಲುಗಿದ ಹಾಗೆಲ್ಲ ಒಂದೊಂದೇ ಹೊಳೆಯುತ್ತಿದ್ದವು. ಕೈರೋದಲ್ಲಿ ನಾನು ನೋಡಿದ ಅತಿ ಚೆಂದದ ವಸ್ತು ಇದು.

ಶಜರ್ ಅಲ್-ದುರ್ ಗುಲಾಮಳಾಗಿ ಬಂದು ಸುಲ್ತಾನನ ಹೆಂಡತಿಯಾದವರು. ಯುರೋಪಿನ ಕ್ರೈಸ್ತ ಸೈನ್ಯಗಳ ಜೊತೆಗಿನ ಕ್ರೂಸೇಡ್ ಯುದ್ಧದ ನಡುವೆ ಗಂಡ ಸತ್ತಾಗ ಸುದ್ದಿ ಮುಚ್ಚಿಟ್ಟು ಸೈನ್ಯ ಚದುರದಂತೆ ನೋಡಿಕೊಂಡರು. ಸಿಂಹಾಸನ ಸಿಕ್ಕಿದ್ದು ಸುಮಾರು 80 ದಿನ ಮಾತ್ರ. 1257ರಲ್ಲಿ ಕೋಟೆಯೊಳಗೇ ಅವರನ್ನು ಮರದ ಹಾವುಗೆಗಳಿಂದ ಹೊಡೆದು ಕೊಂದರಂತೆ. ಹೊರಗಿನಿಂದ ಬಂದು ಯಜಮಾನಿಕೆ ವಹಿಸಿಕೊಂಡ ಈ ಹೆಣ್ಣು ಆಸಿಯಾಗೆ ಹತ್ತಿರದವಳು ಅನ್ನಿಸಿರಬೇಕು, ಅಲ್ವಾ? 1935ರ ಆ ಚಿತ್ರದ ನಿರ್ದೇಶಕ ಅಹ್ಮದ್ ಗಲಾಲ್. ಸೋದರಿಯ ಮಗಳು ಮೇರಿ ಮುಂದೆ ಮೇರಿ ಕ್ವೀನಿ ಅನ್ನೋ ಹೆಸರಿನ ನಟಿಯಾಗಿ, ಗಲಾಲರನ್ನು ಮದುವೆಯಾಗಿ, ಅವರ ಜೊತೆ ಗಲಾಲ್ ಸ್ಟುಡಿಯೋ ಕಟ್ಟಿದರು.

ಸಂಜೆ ಎಮಾದ್ ಎಲ್-ದೀನ್ ಬೀದಿಗೆ ಹೋದೆವು. ಒಂದು ಕಾಲಕ್ಕೆ ಕೈರೋದ ನಾಟಕ, ಸಿನಿಮಾ ಎಲ್ಲದರ ಬೀದಿ ಅದು. ರಿಹಾನಿ ರಂಗಮಂದಿರ ಇನ್ನೂ ಇದೆ. ಉಳಿದಂತೆ ಅಂಗಡಿ, ಹಾರ್ನ್, ಜನ. ಹೊಟ್ಟೆ ಹಸಿದಿತ್ತು. ಅನ್ನ, ಬೇಳೆ, ಮ್ಯಾಕರೋನಿ, ಕಡಲೆ ಎಲ್ಲ ಒಟ್ಟಿಗೆ ಹಾಕಿ ಮೇಲೆ ಹುರಿದ ಈರುಳ್ಳಿ ಉದುರಿಸಿದ ಕೋಶರಿ ತಿಂದೆವು. ಬೆಳ್ಳುಳ್ಳಿ ವಿನೆಗರ್ ಜಾಸ್ತಿ ಹಾಕಿಕೊಳ್ಳಿ, ರುಚಿ ಬರುವುದೇ ಅದರಿಂದ.

ರಾತ್ರಿ ಹೋಟೆಲಲ್ಲಿ ಕೂತು ಆಸಿಯಾ ನಿರ್ಮಿಸಿದ ‘ಸಲಾಹುದ್ದೀನ್’ ಚಿತ್ರ ನೋಡಿದೆವು. ಅದನ್ನು ತೆಗೆಯುವ ಹೊತ್ತಿಗೆ ಆಸಿಯಾ ನಟನೆ ಬಿಟ್ಟು ಬಹಳ ವರ್ಷವಾಗಿತ್ತು. 1942ರಲ್ಲೇ ಹೆನ್ರಿ ಬರಕಾತ್‌ಗೆ ನಿರ್ದೇಶಕನಾಗಿ ಮೊದಲ ಅವಕಾಶ ಕೊಟ್ಟಿದ್ದವರು ಅವರು. 1963ರ ಈ ಚಿತ್ರವನ್ನು ನಿರ್ದೇಶಕ ಯೂಸುಫ್ ಶಾಹೀನ್ ಕೈಗೆ ಕೊಟ್ಟರು. ಬಣ್ಣ, ಅಗಲ ತೆರೆ, ಮೂರು ಗಂಟೆ, ಕುದುರೆಗಳು, ಸಾಲು ಸಾಲು ಸೈನಿಕರು. ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಅಷ್ಟೂ ಜನಕ್ಕೆ ಬಟ್ಟೆ, ಊಟ, ಕೂಲಿ ಕೊಡಬೇಕಿತ್ತು. ಇದಕ್ಕೆ ಹಣ ಸುರಿದು ಆಸಿಯಾ ದೊಡ್ಡ ನಷ್ಟ ಅನುಭವಿಸಿದರು. 1986ರಲ್ಲಿ ತೀರಿಕೊಂಡರು. ಹಗಲು ನಾವು ಹತ್ತಿದ ಕೋಟೆಯನ್ನು ಕಟ್ಟಿಸಲು ಶುರು ಮಾಡಿದ್ದೂ ಚಿತ್ರದ ನಾಯಕನಾದ ಇದೇ ಸುಲ್ತಾನ ಸಲಾಹುದ್ದೀನ್. ಕೈರೋಗೆ ಹೊರಡುವವರು ಈ ಚಿತ್ರವನ್ನು ಮೊದಲೇ ನೋಡಿಕೊಂಡು ಹೋಗಿ. ಕಪ್ಪು ಬಿಳುಪಿನದು ಸಿಕ್ಕರೆ ಬಿಟ್ಟುಬಿಡಿ, ಬಣ್ಣದ್ದೇ ಹುಡುಕಿ.