ಮುಸುಕು ಹಾಕಿ ಬಂದವರನ್ನು ಮನೆಯೊಳಗೆ ಬಿಡ್ತಾರಾ?

ನಾನಿರುವುದು ಕೆನಡಾದ ನ್ಯೂಫೌಂಡ್‌ಲ್ಯಾಂಡ್ ದ್ವೀಪದ ಸೇಂಟ್ ಜಾನ್ಸ್‌ನಲ್ಲಿ. ಡಿಸೆಂಬರ್‌ನಲ್ಲಿ ಇಲ್ಲಿನ ಮಮ್ಮರ್‌ಗಳ, ಅಂದರೆ ವೇಷ ಹಾಕಿ ಮನೆಮನೆಗೆ ಹೋಗುವವರ, ಫೋಟೊ ಕಳಿಸಿದರೆ ಸಾಕು, ಊರಿಂದ ಅದೇ ಪ್ರಶ್ನೆ: "ಮುಖ ಮುಚ್ಚಿಕೊಂಡು ಬಂದವರನ್ನ ಒಳಗೆ ಬಿಡ್ತಾರಾ? ಹೆದರಿಕೆ ಆಗಲ್ವಾ?"

ಬಿಡುತ್ತಾರೆ. ಬಂದವರು ಗುರುತಿನವರೇ ಅನ್ನುವ ಧೈರ್ಯದ ಮೇಲೇ ಈ ಆಟ ನಿಂತಿದೆ.

ಕ್ರಿಸ್‌ಮಸ್ ಮರುದಿನದಿಂದ ಜನವರಿ 6ರವರೆಗೆ ರಾತ್ರಿ ಹೊತ್ತು ಗುಂಪಾಗಿ ಬರುತ್ತಾರೆ. ಮುಖಕ್ಕೆ ದಿಂಬಿನ ಕವರ್ ಇಲ್ಲವೇ ಲೇಸಿನ ಪರದೆ. ಗಂಡಸರಿಗೆ ಹೆಂಗಸರ ಬಟ್ಟೆ, ಹೆಂಗಸರಿಗೆ ಮೀನುಗಾರರ ರಬ್ಬರ್ ಬೂಟು. ಬೆನ್ನಿಗೆ ದಿಂಬು ತುರುಕಿ ಗೂನು. ಒಳಚಡ್ಡಿ ಪ್ಯಾಂಟಿನ ಮೇಲೆ! ಬಾಗಿಲು ತಟ್ಟಿ "ಮಮ್ಮರ್‌ಗಳು ಒಳಗೆ ಬರಬಹುದಾ?" ಅಂತ ಉಸಿರನ್ನು ಒಳಕ್ಕೆ ಎಳೆದುಕೊಳ್ಳುತ್ತಲೇ ಕೇಳುತ್ತಾರೆ. ದನಿಯಿಂದ ಸಿಕ್ಕಿಬೀಳಬಾರದಲ್ಲ. (ನೀವೂ ಒಮ್ಮೆ ಮಾಡಿ ನೋಡಿ, ಸಲೀಸಲ್ಲ.) ಅಡುಗೆಮನೆಯಲ್ಲೇ ಕುಣಿತ. ಮನೆಯವರು ನಡಿಗೆ, ಕೈ, ಎತ್ತರ ನೋಡಿ, ಚಿವುಟಿ, ಕೆಣಕಿ, ಯಾರಿರಬಹುದು ಅಂತ ಊಹಿಸುತ್ತಾರೆ. ಹೆಸರು ಸರಿಯಾದರೆ ಮುಸುಕು ತೆಗೆಯಬೇಕು. ಆಮೇಲೆ ಕೇಕು, ರಮ್ಮು.

ಹೆದರಿಕೆಗೆ ಕಾರಣವೇ ಇರಲಿಲ್ಲ ಅಂತಲ್ಲ. 1860ರ ಡಿಸೆಂಬರ್ ಕೊನೆಯಲ್ಲಿ ಇದೇ ದ್ವೀಪದ ಬೇ ರಾಬರ್ಟ್ಸ್ ಎಂಬ ಊರಿನಲ್ಲಿ ಮುಸುಕು ಹಾಕಿದವರು ಐಸಾಕ್ ಮರ್ಸರ್ ಎಂಬಾತನನ್ನು ಹೊಡೆದು ಕೊಂದರು. 1861ರಲ್ಲಿ ಪರವಾನಗಿ ಇಲ್ಲದೆ ವೇಷ ಹಾಕಿ ತಿರುಗಬಾರದೆಂದು ಕಾನೂನೇ ಬಂತು. ಸಣ್ಣ ಊರುಗಳು ಅದಕ್ಕೆ ಅಷ್ಟಾಗಿ ಸೊಪ್ಪು ಹಾಕಲಿಲ್ಲ.

ಆಟಕ್ಕೆ ಜಾಸ್ತಿ ಪೆಟ್ಟು ಬಿದ್ದದ್ದು ಊರುಗಳೇ ಖಾಲಿಯಾದಾಗ. 1954ರಿಂದ 1975ರೊಳಗೆ ಸರ್ಕಾರದ ಸ್ಥಳಾಂತರ ಯೋಜನೆಗಳಲ್ಲಿ ಸುಮಾರು 300 ಊರುಗಳ ಜನ ಬೇರೆಡೆಗೆ ಹೋದರು. 1992ರಲ್ಲಿ ಕಾಡ್ ಮೀನು ಹಿಡಿಯುವುದನ್ನು ನಿಷೇಧಿಸಿದರು. ಸುಮಾರು 30,000 ಜನರ ಕೆಲಸ ಹೋಯಿತು. ಎಷ್ಟೋ ಮನೆಯವರು ಊರು ಬಿಟ್ಟರು. ನಡಿಗೆ ನೋಡಿ ಗುರುತು ಹಿಡಿಯಬೇಕಾದರೆ ವರ್ಷಪೂರ್ತಿ ಆ ನಡಿಗೆ ಕಣ್ಣಿಗೆ ಬೀಳುತ್ತಿರಬೇಕು, ಅಲ್ವಾ?

ಈಗ ಮಮ್ಮರ್ ಇಡೀ ದ್ವೀಪದ ಗುರುತು. ಗಿಫ್ಟ್ ಅಂಗಡಿಗಳಲ್ಲಿ ಅದರ ಗೊಂಬೆಗಳಿವೆ. 2009ರಿಂದ ಸೇಂಟ್ ಜಾನ್ಸ್‌ನಲ್ಲಿ ಮಮ್ಮರ್ ಉತ್ಸವ ಶುರುವಾಗಿದೆ, ಮೆರವಣಿಗೆಯೂ ಇದೆ. "ಇದು ಅಸಲಿ ಅಲ್ಲ" ಅಂತ ಗೊಣಗುವವರಿದ್ದಾರೆ. ಸುಳ್ಳಲ್ಲ, ಬೀದಿಯಲ್ಲಿ ಯಾರೂ ಯಾರನ್ನೂ ಊಹಿಸುತ್ತಾ ನಿಲ್ಲುವುದಿಲ್ಲ. ಆದರೆ ಹೊರಗಿನಿಂದ ಬಂದ ನನ್ನಂಥವನು ಯಾರ ಅಡುಗೆಮನೆಯಲ್ಲಿ ಕೂತು ಯಾರನ್ನು ಗುರುತು ಹಿಡಿಯಲಿ? ಮೆರವಣಿಗೆಗಾದರೆ ಹಳೇ ಪರದೆಯೊಂದು ಸಾಕು. ಸ್ವೆಟರ್ ಮೇಲೆ ಹೆಂಡತಿಯ ನೈಟಿ ಹಾಕಿಕೊಂಡು ನಾನೂ ಹೋಗುತ್ತೇನೆ.