ಉಂಗಾರೆತ್ತಿ ಕಾಲಪಟ್ಟಿ: ಕಾರ್ಸೊ ಯುದ್ಧದ ವರ್ಷಗಳು

ಇಟಲಿಯ ಕವಿ ಜುಸೆಪ್ಪೆ ಉಂಗಾರೆತ್ತಿಯ ಬದುಕು ಮತ್ತು ಕೃತಿಗಳ ಕಾಲಪಟ್ಟಿಯನ್ನು ಸಿದ್ಧಪಡಿಸುವ ನನ್ನ ಹವ್ಯಾಸದ ಕೆಲಸ ಮೊದಲನೆಯ ಮಹಾಯುದ್ಧದ ವರ್ಷಗಳಿಗೆ ಬಂದು ನಿಂತಿದೆ. ಹಿಂದಿನ ಭಾಗ ಬೇಗ ಮುಗಿಯಿತು: 1888ರಲ್ಲಿ ಈಜಿಪ್ಟಿನ ಅಲೆಕ್ಸಾಂಡ್ರಿಯಾದಲ್ಲಿ ಜನನ, ಸೂಯೆಜ್ ಕಾಲುವೆಯ ಕೆಲಸಕ್ಕೆಂದು ಇಟಲಿಯ ಲುಕ್ಕಾ ಕಡೆಯಿಂದ ಹೋಗಿದ್ದ ತಂದೆಯ ಸಾವು, ಬ್ರೆಡ್ಡಿನ ಭಟ್ಟಿ ನಡೆಸಿ ಮಕ್ಕಳನ್ನು ಸಾಕಿದ ತಾಯಿ, 1912ರಲ್ಲಿ ಪ್ಯಾರಿಸ್.

1915ರಲ್ಲಿ ಆತ ಸಾಮಾನ್ಯ ಸಿಪಾಯಿಯಾಗಿ ಸೇನೆ ಸೇರಿ, ಇಟಲಿಯ ಈಶಾನ್ಯ ಗಡಿಯ ಕಾರ್ಸೊ ಎಂಬ ಸುಣ್ಣಕಲ್ಲಿನ ಪ್ರಸ್ಥಭೂಮಿಯ ಕಂದಕಗಳಿಗೆ ಹೋದ. ಅಲ್ಲಿ ಬರೆದ ಪ್ರತಿ ಪದ್ಯಕ್ಕೂ ಸ್ಥಳ, ತಾರೀಖುಗಳನ್ನು ನಮೂದಿಸಿರುವುದರಿಂದ ಕಾಲಪಟ್ಟಿ ಮಾಡುವವರಿಗೆ ಇಂಥ ಕವಿ ಸಿಗುವುದೇ ಭಾಗ್ಯ. ಸತ್ತ ಸಂಗಾತಿಯ ಪಕ್ಕದಲ್ಲಿ ರಾತ್ರಿಯಿಡೀ ಬಿದ್ದುಕೊಂಡು ಪ್ರೀತಿ ತುಂಬಿದ ಪತ್ರಗಳನ್ನು ಬರೆದೆನೆನ್ನುವ ಪದ್ಯ 1915ರ ಡಿಸೆಂಬರ್ 23ರದು. ಇಸೊಂಝೊ ನದಿಯಲ್ಲಿ ಮಿಂದು, ಪೂರ್ವಿಕರ ಸೆರ್ಕಿಯೊ, ಬಾಲ್ಯದ ನೈಲ್, ಯೌವನದ ಸೀನ್ ನದಿಗಳನ್ನು ಒಂದೊಂದಾಗಿ ನೆನೆಯುವ ಪದ್ಯ 1916ರ ಆಗಸ್ಟ್ 16ರದು. ಈ ಎರಡನೆಯದನ್ನು ಕವಿಯೇ ಬರೆದಿಟ್ಟ ಸಂಕ್ಷಿಪ್ತ ಜೀವನಚರಿತ್ರೆಯೆಂದು ಓದಬಹುದಾದ್ದರಿಂದ, ಜನನ ಮತ್ತು ಪ್ಯಾರಿಸಿನ ನಮೂದುಗಳಿಗೂ ಅದನ್ನು ಜೋಡಿಸಿದ್ದೇನೆ.

ಪದ್ಯಗಳನ್ನು ತಾರೀಖಿನಂತೆ ಜೋಡಿಸಿದಾಗ, ಇವನ್ನೊಳಗೊಂಡ ಪುಸ್ತಕ ‘ಇಲ್ ಪೋರ್ತೊ ಸೆಪೊಲ್ತೊ’ (ಹೂತುಹೋದ ಬಂದರು) ಸಂಕಲನದ ಕ್ರಮ ಬಹುಮಟ್ಟಿಗೆ ಅದೇ ಎಂಬುದು ಕಂಡಿತು; ಆದರೆ ಆರಂಭದಲ್ಲಿರುವುದು 1916ರ ಸೆಪ್ಟೆಂಬರ್ 30ರ, ಅಂದರೆ ಇವುಗಳಲ್ಲಿ ಕೊನೆಕೊನೆಗೆ ಬರೆದ ಪದ್ಯ. ಅದು ಅಲೆಕ್ಸಾಂಡ್ರಿಯಾದ ಗೆಳೆಯ ಮೊಹಮ್ಮದ್ ಶೆಆಬ್‌ನ ಕುರಿತದ್ದು. ಅಲೆಮಾರಿ ಅಮೀರರ ವಂಶದ ಆ ಯುವಕ ಫ್ರಾನ್ಸನ್ನು ಪ್ರೀತಿಸಿ ಹೆಸರನ್ನು ಮಾರ್ಸೆಲ್ ಎಂದು ಬದಲಿಸಿಕೊಂಡರೂ ಫ್ರೆಂಚನಾಗಲಿಲ್ಲ, ತನ್ನವರ ನಡುವೆ ಬಾಳುವ ಬಗೆಯನ್ನೂ ಮರೆತಿದ್ದ. 1913ರಲ್ಲಿ ಪ್ಯಾರಿಸಿನಲ್ಲಿ ಆತ್ಮಹತ್ಯೆ ಮಾಡಿಕೊಂಡ. ಕಂದಕದ ಸಾವುಗಳಿಗಿಂತ ಮೊದಲು ಈ ಸಾವನ್ನು ಇಟ್ಟದ್ದು ಉದ್ದೇಶಪೂರ್ವಕವೆಂದೇ ನನ್ನ ಅಭಿಪ್ರಾಯ: ನೆಲೆ ಕಳೆದುಕೊಳ್ಳುವ ಸಂಕಟ ಈ ಕವಿಗೆ ಯುದ್ಧದಿಂದ ಆರಂಭವಾದದ್ದಲ್ಲ. ಹಾಗಾಗಿ ಪಟ್ಟಿಯಲ್ಲಿ ಪ್ರತಿ ಪದ್ಯಕ್ಕೂ ತಾರೀಖಿನ ಜೊತೆಗೆ ಪುಸ್ತಕದೊಳಗಿನ ಸ್ಥಾನವನ್ನು ತೋರಿಸುವ ಇನ್ನೊಂದು ಅಂಕಣ ಸೇರಿಸಿದೆ.

ಲೆಫ್ಟಿನೆಂಟ್ ಎತ್ತೊರೆ ಸೆರ್ರಾ ಈ ಪದ್ಯಗಳನ್ನು 1916ರ ಡಿಸೆಂಬರಿನಲ್ಲಿ ಊದಿನೆಯಲ್ಲಿ ಅಚ್ಚು ಹಾಕಿಸಿದ್ದು ಕೇವಲ 80 ಪ್ರತಿ. ಅದೇ ಸಂಕಲನದ 1923ರ ಆವೃತ್ತಿಗೆ ಮುನ್ನುಡಿ ಬರೆದವನು ಫ್ಯಾಸಿಸ್ಟ್ ನಾಯಕ ಮುಸೊಲಿನಿ. ಅಭಿಮಾನಿಗಳಿಗೆ ಮುಜುಗರವಾದರೂ ಆ ನಮೂದನ್ನು ಅಡಿಟಿಪ್ಪಣಿಗೆ ತಳ್ಳಿಲ್ಲ. ಮುಂದಿನ ಕಂತಿನಲ್ಲಿ 1936ರಿಂದ ಸಾವೊ ಪೌಲೊದಲ್ಲಿ ಕಳೆದ ಅಧ್ಯಾಪನದ ವರ್ಷಗಳು, 1939ರಲ್ಲಿ ಅಲ್ಲೇ ತೀರಿಕೊಂಡ ಒಂಬತ್ತು ವರ್ಷದ ಮಗ ಮತ್ತು ಆ ದುಃಖದ ಪದ್ಯಗಳನ್ನೊಳಗೊಂಡ 1947ರ ಸಂಕಲನವನ್ನು ತುಂಬಬೇಕಿದೆ.