ಆರು ನಿಮಿಷದ ಅಳು

ನಿನ್ನೆ ರಾತ್ರಿ ಸಿನಿಮಾ ನೋಡುವಾಗ ಹೆಬ್ಬೆರಳು ತಾನಾಗೇ ಮೊಬೈಲಿನ ಬಲಗಡೆಗೆ ಹೋಯಿತು. ಹತ್ತು ಸೆಕೆಂಡ್ ಮುಂದಕ್ಕೆ ಓಡಿಸೋಣ ಅಂತ. ಹೇಗೋ ತಡೆದುಕೊಂಡೆ.

ಪರದೆ ಮೇಲೆ ತೈವಾನಿನ ನಟಿ ಯಾಂಗ್ ಕುಯ್-ಮೇಯ್. ಸಿನಿಮಾ 1994ರ 'ವೀವ್ ಲಾಮೂರ್', ಸಾಯ್ ಮಿಂಗ್-ಲಿಯಾಂಗ್ ನಿರ್ದೇಶನ. ಕೊನೆಯಲ್ಲಿ ತೈಪೇಯ ಪಾರ್ಕೊಂದರ ಬೆಂಚಿನ ಮೇಲೆ ಕೂತು ಅಳುತ್ತಾಳೆ. ಸುಮಾರು ಆರು ನಿಮಿಷ! ಸಂಗೀತ ಇಲ್ಲ, ಮಾತಿಲ್ಲ, ಕ್ಯಾಮೆರಾ ಅವಳ ಮುಖ ಬಿಟ್ಟು ಕದಲುವುದಿಲ್ಲ. ನಡುವೆ ಅಳು ನಿಲ್ಲಿಸಿ ಒಂದು ಸಿಗರೇಟು ಹಚ್ಚುತ್ತಾಳೆ. ಮುಗಿಯಿತು ಅಂದುಕೊಂಡೆ. ಇಲ್ಲ, ಮತ್ತೆ ಶುರು.

ಆ ಸಿಗರೇಟೇ ನನ್ನನ್ನು ಹಿಡಿದು ಕೂರಿಸಿದ್ದು. ನಾವೂ ಹಾಗೇ ಅಲ್ವಾ? ಮೂಗೊರೆಸಿಕೊಂಡು, ನೀರು ಕುಡಿದು, ಆಮೇಲೆ ಇನ್ನೊಂದು ಸಲ.

ಅದೇ ವರ್ಷ ಆಂಗ್ ಲೀ ಸಿನಿಮಾ 'ಈಟ್ ಡ್ರಿಂಕ್ ಮ್ಯಾನ್ ವುಮನ್'ನಲ್ಲಿ ಈಕೆಯೇ ಬಿಗಿ ಮುಖದ ಕೆಮಿಸ್ಟ್ರಿ ಟೀಚರ್, ಮನೆಯ ಹಿರಿಮಗಳು. ಇಬ್ಬರೂ ಒಬ್ಬಳೇ ಅಂತ ಹೊಳೆಯಲು ನನಗೆ ಸ್ವಲ್ಪ ಹೊತ್ತೇ ಬೇಕಾಯಿತು.

ಅಮ್ಮ ಹಿಂದಿನಿಂದ ಇಣುಕಿ ಕೇಳಿದಳು, "ಯಾಕೋ, ವಿಡಿಯೋ ನಿಂತೋಯ್ತಾ?"

"ಇಲ್ಲಮ್ಮ, ಅಳ್ತಿದಾಳೆ."

"ಇನ್ನೂನಾ?" ಅಂದವಳು ಪಕ್ಕದಲ್ಲೇ ಕೂತಳು.